ಬರೀ ಸವಾರ ಅನ್ನಬೇಡಿ

ನಮಸ್ಕಾರ. ಕಳೆದ ಸಂಚಿಕೆಯಲ್ಲಿ ಹಾಲಿವುಡ್‌ನ ಕೌಬಾಯ್ ಸಿನಿಮಾಗಳ ನಟ ಬೆನ್ ಜಾನ್ಸನ್ ಬಗ್ಗೆ ಬಂದ ಲೇಖನ ಓದಿ ನೀವು ಬರೆದ ಕಾಗದ ತಲುಪಿತು. ‘ಚೆನ್ನಾಗಿ ಕುದುರೆ ಓಡಿಸುತ್ತಿದ್ದರು, ಒಪ್ಪೋಣ. ಆದರೆ ಇದ್ದ ಹಾಗೇ ಕ್ಯಾಮೆರಾ ಮುಂದೆ ನಿಂತವರನ್ನು ದೊಡ್ಡ ನಟ ಅಂತ ಯಾಕೆ ಹೊಗಳುತ್ತೀರಿ?’ ಎಂದು ಕೇಳಿದ್ದೀರಿ. ಎರಡು ಸಾಲಲ್ಲಿ ಮುಗಿಯುವ ಪ್ರಶ್ನೆ ಅಲ್ಲ ಇದು.

ಜಾನ್ಸನ್ ಹುಟ್ಟಿದ್ದು 1918ರಲ್ಲಿ, ಅಮೆರಿಕದ ಒಕ್ಲಹೋಮಾದಲ್ಲಿ. ಅಪ್ಪನೂ ರೋಡಿಯೋದಲ್ಲಿ, ಅಂದರೆ ಕೌಬಾಯ್‌ಗಳ ಕುದುರೆ ಸವಾರಿ, ಹಗ್ಗ ಎಸೆತದ ಪಂದ್ಯಗಳಲ್ಲಿ, ಹೆಸರು ಮಾಡಿದವರೇ. ನಿರ್ಮಾಪಕ ಹೊವಾರ್ಡ್ ಹ್ಯೂಸ್ ತಮ್ಮ ಸಿನಿಮಾಕ್ಕೆ ಕೊಂಡ ಕುದುರೆಗಳನ್ನು ತಲುಪಿಸಲು ಹೋದ ಜಾನ್ಸನ್ ಹಾಲಿವುಡ್‌ನಲ್ಲೇ ಉಳಿದುಬಿಟ್ಟರು. ಊರಲ್ಲಿ ದಿನಕ್ಕೊಂದು ಡಾಲರ್ ದುಡಿಯುತ್ತಿದ್ದರು, ಇಲ್ಲಿ ಬಂದ ಮೊದಲ ಚೆಕ್ಕೇ 300 ಡಾಲರ್. ವಾಪಸ್ ಯಾರು ಹೋಗ್ತಾರೆ, ಅಲ್ವಾ?

ಕೆಲವು ವರ್ಷ ದೊಡ್ಡ ನಟರಿಗೆ ಡೂಪ್ ಆಗಿ ದುಡಿದರು. 1948ರಲ್ಲಿ ಬಂದ ‘ಫೋರ್ಟ್ ಅಪಾಚೆ’ಯ ಶೂಟಿಂಗ್‌ನಲ್ಲಿ ಕುದುರೆಗಳು ಬೆದರಿ, ಜನ ಕೂತಿದ್ದ ಗಾಡಿಯನ್ನು ಎಳೆದುಕೊಂಡು ಓಡಿದವು. ಜಾನ್ಸನ್ ಬೆನ್ನಟ್ಟಿ ಹೋಗಿ ನಿಲ್ಲಿಸಿದರು. ನಿರ್ದೇಶಕ ಜಾನ್ ಫೋರ್ಡ್ ಅದನ್ನು ಮರೆಯಲಿಲ್ಲ, ಕರೆದು ನಟನಾಗಿ ಕರಾರು ಮಾಡಿಕೊಂಡರು. 1950ರ ‘ರಿಯೋ ಗ್ರಾಂಡೆ’ಯಲ್ಲಿ ಎರಡು ಕುದುರೆಗಳ ಬೆನ್ನ ಮೇಲೆ ಒಂದೊಂದು ಕಾಲಿಟ್ಟು, ನಿಂತೇ ಓಡಿಸುತ್ತಾರಲ್ಲ, ಅದಕ್ಕೆ ಡೂಪ್ ಇಲ್ಲ. ಸುಮ್ನೆ ಒಮ್ಮೆ ನೋಡಿ ಸಾಕು.

ಇಷ್ಟೆಲ್ಲ ಆದಮೇಲೆ ಸಿನಿಮಾ ಬಿಟ್ಟು ಮತ್ತೆ ರೋಡಿಯೋಗೆ ಹೋದರು! 1953ರಲ್ಲಿ ಟೀಮ್ ರೋಪಿಂಗ್‌ನಲ್ಲಿ ವಿಶ್ವ ಚಾಂಪಿಯನ್ ಆದರು. ಓಡುವ ಹೋರಿಯ ಕೊಂಬಿಗೆ ಒಬ್ಬ ಸವಾರ ಹಗ್ಗದ ಕುಣಿಕೆ ಹಾಕಬೇಕು, ಇನ್ನೊಬ್ಬ ಹಿಂಗಾಲಿಗೆ ಹಾಕಬೇಕು, ಆಮೇಲೆ ಹಗ್ಗವನ್ನು ಜೀನಿನ ಮುಂದಿನ ಗೂಟಕ್ಕೆ ಸುತ್ತುವಾಗ ಚೂರು ಎಡವಟ್ಟಾದರೂ ಹೆಬ್ಬೆರಳೇ ಹೋಗಬಹುದು. ಚಾಂಪಿಯನ್ ಪಟ್ಟವೇನೋ ಬಂತು, ಕೈಯಲ್ಲಿ ಉಳಿದದ್ದು ಹಳೇ ಕಾರು, ಮನೆಯಲ್ಲಿ ಸಿಟ್ಟಾದ ಹೆಂಡತಿ ಎಂದು ಅವರೇ ಹೇಳಿಕೊಂಡಿದ್ದಾರೆ. ಹಾಗಾಗಿ ಮತ್ತೆ ಸಿನಿಮಾ, ಮತ್ತೆ ಪಕ್ಕದ ಪಾತ್ರಗಳು.

ಈಗ ನಿಮ್ಮ ಪ್ರಶ್ನೆಗೆ ಬರುತ್ತೇನೆ. ಅವರಿಗೆ ಆಸ್ಕರ್ ತಂದುಕೊಟ್ಟದ್ದು 1971ರ ‘ದ ಲಾಸ್ಟ್ ಪಿಕ್ಚರ್ ಶೋ’. ಮಾತು ಜಾಸ್ತಿ, ಅದರಲ್ಲೂ ಕೆಟ್ಟ ಮಾತು ಜಾಸ್ತಿ ಅಂತ ಮೊದಲು ಅವರು ಒಪ್ಪಿರಲೇ ಇಲ್ಲ, ಫೋರ್ಡ್ ಹೇಳಿ ಒಪ್ಪಿಸಬೇಕಾಯಿತು. ಟೆಕ್ಸಾಸ್‌ನ ಸಣ್ಣ ಊರೊಂದರಲ್ಲಿ ಸಿನಿಮಾ ಟಾಕೀಸು, ಬಿಲಿಯರ್ಡ್ಸ್ ಥರದ ಪೂಲ್ ಆಟದ ಅಡ್ಡೆ ನಡೆಸುವ ವಯಸ್ಸಾದ ಸ್ಯಾಮ್‌ನ ಪಾತ್ರ. ನೀರಿನ ದಡದಲ್ಲಿ ಕೂತು, ಇಪ್ಪತ್ತು ವರ್ಷ ಹಿಂದೆ ಪ್ರೀತಿಸಿದ ಹೆಣ್ಣಿನ ಬಗ್ಗೆ ಹುಡುಗನಿಗೆ ಹೇಳುತ್ತಾನೆ. ಅವಳು ಕುದುರೆ ಈಜಿಸಿಕೊಂಡು ಆಚೆ ದಡಕ್ಕೆ ನಾನೇ ಮೊದಲು ಹೋಗ್ತೀನಿ ಅಂತ ಬೆಳ್ಳಿ ಡಾಲರ್ ಪಂಥ ಕಟ್ಟಿದ್ದಳಂತೆ, ಗೆದ್ದೂಬಿಟ್ಟಳಂತೆ. ಅಲ್ಲಿ ಕುದುರೆ ಕಾಣುವುದೇ ಇಲ್ಲ. ಜಾನ್ಸನ್ ಕೈ ಬೀಸುವುದಿಲ್ಲ, ದನಿ ಏರಿಸುವುದಿಲ್ಲ, ಕಣ್ಣೀರೂ ಹಾಕುವುದಿಲ್ಲ. ಆದರೂ ನಮಗೆ ಆ ಕುದುರೆ, ಆ ನೀರು, ಆ ಹೆಣ್ಣು ಎಲ್ಲ ಕಾಣುತ್ತದೆ. ‘ಇದ್ದ ಹಾಗೇ ಇರೋದು’ ಅಷ್ಟು ಸುಲಭವಾಗಿದ್ದರೆ ಎಲ್ಲರೂ ಇರುತ್ತಿದ್ದರು ಬಿಡಿ. ಬೆದರಿದ ಪ್ರಾಣಿಯ ಹತ್ತಿರ ಆತುರ ಪಡಬಾರದು ಎಂದು ಕಲಿತವರ ತಾಳ್ಮೆ ಅದು ಅಂತ ನನಗನ್ನಿಸುತ್ತದೆ.

ನಾಯಕನ ಪಾತ್ರ ಬೇಕೆಂದರೆ 1950ರದ್ದೇ ‘ವ್ಯಾಗನ್ ಮಾಸ್ಟರ್’ ಇದೆ. ಮೊದಲು ಅದನ್ನು ನೋಡಿ, ಆಮೇಲೆ ಸ್ಯಾಮ್‌ನನ್ನು ನೋಡಿ. ಆಗಲೂ ನನ್ನ ಮಾತು ಒಪ್ಪಿಗೆ ಆಗದಿದ್ದರೆ ಇನ್ನೊಂದು ಕಾಗದ ಬರೆಯಿರಿ, ಖಂಡಿತ ಪ್ರಕಟಿಸುತ್ತೇವೆ.

– ಸಂಪಾದಕ