ಕೇಳಿ, ಹೇಳ್ತೀವಿ: ತೆರೆಯ ಮೇಲಿನ ವಿರಹ

ಪ್ರಶ್ನೆ: ನಮ್ಮ ಕಿರುಚಿತ್ರದಲ್ಲಿ ಹುಡುಗ ಹುಡುಗಿ ಬೇರೆಯಾಗುವ ದೃಶ್ಯವಿದೆ. ಅಳು, ಮಳೆ, ಪಿಟೀಲು ಎಲ್ಲ ಇಟ್ಟರೂ ನೋಡಿದವರು ನಕ್ಕುಬಿಟ್ಟರು. ಎಲ್ಲಿ ತಪ್ಪಿದೆವು?
– ಸಿನಿಮಾ ವಿದ್ಯಾರ್ಥಿನಿ, ಬನಶಂಕರಿ

ಉತ್ತರ: ಅಳು, ಮಳೆ, ಪಿಟೀಲು ಮೂರೂ ‘ದುಃಖವಾಗಿದೆ’ ಅಂತಷ್ಟೇ ಹೇಳುತ್ತಿವೆ. ಯಾಕೆ ದುಃಖ ಅನ್ನುವುದು ಕಣ್ಣಿಗೆ ಕಾಣಬೇಕು. 2023ರ ‘ಸಪ್ತ ಸಾಗರದಾಚೆ ಎಲ್ಲೋ’ ಚಿತ್ರದ ಮನು ತಾನು ಮಾಡದ ಅಪಘಾತದ ತಪ್ಪು ಹೊತ್ತು ಜೈಲಿಗೆ ಹೋಗುವುದು ದುಡ್ಡಿಗಾಗಿ, ಒಂದು ಸ್ವಂತ ಮನೆಯ ಆಸೆಗಾಗಿ. ಬೆಂಗಳೂರಿನಲ್ಲಿ ತಿಂಗಳು ತಿಂಗಳು ಬಾಡಿಗೆ ಕಟ್ಟುವವರಿಗೆ ಆ ಆಸೆಯ ಭಾರ ಗೊತ್ತು. ಆಮೇಲಿನ ಅಗಲಿಕೆ ಎದೆಗೆ ತಾಕುವುದು ಅದರಿಂದಲೇ. ನಿಮ್ಮ ಜೋಡಿಗೂ ಅಂಥದ್ದು ಬೇಕು: ಮನೆಯ ಅಡ್ವಾನ್ಸ್ ಯಾರು ಕೊಟ್ಟಿದ್ದರು, ಗ್ಯಾಸ್ ಯಾರ ಹೆಸರಲ್ಲಿದೆ, ಎರಡನೇ ಕೀ ಯಾರ ಹತ್ತಿರ? ಅವಳು ಆ ಕೀಯನ್ನು ಟಿವಿ ಪಕ್ಕ ಇಟ್ಟು ಹೋದರೆ ‘ಎಲ್ಲ ಮುಗೀತು’ ಅನ್ನುವ ಡೈಲಾಗು ಬೇಡ.

ಸಂಕಟವನ್ನು ಪ್ರೇಕ್ಷಕರಿಗೇ ಒಪ್ಪಿಸಲೂಬೇಡಿ, ಕೇಳಿಸಿಕೊಳ್ಳಲು ಇನ್ನೊಂದು ಜೀವ ಇರಲಿ. ‘ಮುಂಗಾರು ಮಳೆ’ಯ (2006) ನಾಯಕ ದೇವದಾಸ ಎಂಬ ಮೊಲದ ಹತ್ತಿರ ಹೇಳಿಕೊಳ್ಳುತ್ತಾನಲ್ಲ, ಹಾಗೆ.

ಸಂಕಲನ ಮಾಡುವಾಗ ಮಾತಾಡುವವರನ್ನು ಬಿಟ್ಟು, ಕೇಳುತ್ತಿರುವವರ ಮುಖದ ಮೇಲೆ ನಾಲ್ಕೈದು ಸೆಕೆಂಡು ನಿಲ್ಲಿ. ಸಂಗೀತ ಬಾಗಿಲು ಮುಚ್ಚಿದ ಮೇಲೆ ಬರಲಿ. ಮುಂಚೆಯೇ ಬಂದರೆ ‘ಈಗ ಅಳಿ’ ಎಂದು ಅಪ್ಪಣೆ ಕೊಟ್ಟಂತಾಗುತ್ತದೆ, ನಗು ಬರುವುದು ಅಲ್ಲೇ. ಆ ಮೌನಕ್ಕಾಗಿ ಚಿತ್ರೀಕರಣದ ದಿನವೇ ಎಲ್ಲರನ್ನೂ ಸುಮ್ಮನಿರಿಸಿ ಖಾಲಿ ಕೋಣೆಯ ಸದ್ದನ್ನು ಒಂದು ನಿಮಿಷ ರೆಕಾರ್ಡ್ ಮಾಡಿಕೊಳ್ಳಿ. ಫ್ರಿಜ್ ಆಫ್ ಮಾಡಿರಿ. ಇಲ್ಲದಿದ್ದರೆ ಒಂದು ಶಾಟಿನಲ್ಲಿ ಗುಂಯ್‌ಗುಡುವ ಸದ್ದು ಮುಂದಿನದರಲ್ಲಿ ತಟ್ಟನೆ ನಿಲ್ಲುತ್ತದೆ.

ಮಳೆ ಬೇಕೇ ಬೇಕೆಂದರೆ ಕಿಟಕಿಯಾಚೆ ಒಂದು ಪೈಪು ಸಾಕು. ಮುಂದಿನಿಂದ ಬೆಳಕು ಬಿಟ್ಟರೆ ಹನಿ ಕಾಣುವುದೇ ಇಲ್ಲ, ಹನಿಯ ಹಿಂದಿನಿಂದ ಬಿಡಿ. ಕ್ಯಾಮೆರಾದ ಶಟರ್ ವೇಗ 1/50 ಸೆಕೆಂಡು ಇಟ್ಟರೆ ನೀರು ಗೆರೆಗೆರೆಯಾಗಿ, 1/100 ಇಟ್ಟರೆ ಇನ್ನಷ್ಟು ಬಿಡಿಬಿಡಿಯಾಗಿ ಕಾಣುತ್ತದೆ. ನಮ್ಮ ಕರೆಂಟು 50 ಹರ್ಟ್ಸ್ ಆದ್ದರಿಂದ ಈ ಎರಡರಲ್ಲೂ ಮನೆದೀಪ ಮಿಣುಕುವುದಿಲ್ಲ. ಎಕ್ಸ್‌ಟೆನ್ಷನ್ ಬೋರ್ಡು ಮಾತ್ರ ಒದ್ದೆ ನೆಲದಿಂದ ದೂರವಿರಲಿ.

ಪ್ರಶ್ನೆ: ಬೇಡ ಅಂದ ಹುಡುಗಿಯ ಹಿಂದೆ ಬಿದ್ದು ಒಪ್ಪಿಸುವ ಹೀರೋಗಳನ್ನು ನೋಡಿ ನನ್ನ ತಮ್ಮ ಅದೇ ನಿಜವಾದ ಪ್ರೀತಿ ಅನ್ನುತ್ತಾನೆ. ಏನು ಹೇಳಲಿ?
– ಓದುಗರು, ರಾಜಾಜಿನಗರ

ಉತ್ತರ: ಅವನನ್ನು ಪಕ್ಕದಲ್ಲಿ ಕೂರಿಸಿಕೊಂಡು ಅಂಥದ್ದೊಂದು ಹಾಡನ್ನು ಮ್ಯೂಟ್ ಮಾಡಿ ತೋರಿಸಿ. ಟ್ಯೂನು ಹೋದ ಮೇಲೆ ಉಳಿಯುವುದು ಇಷ್ಟೇ: ಬಸ್ ಸ್ಟಾಪಿನಲ್ಲಿ, ಕಾಲೇಜಿನ ಗೇಟಿನಲ್ಲಿ, ಮನೆಯ ತಿರುವಿನಲ್ಲಿ ಅದೇ ಗಂಡಸು. ಕ್ಯಾಮೆರಾ ಅವನ ಜೊತೆಗೇ ಇರುವುದರಿಂದ ಅವನು ಒಳ್ಳೆಯವನೆಂದು ನಮಗೆ ಗೊತ್ತು, ಅವಳಿಗೆ ಹೇಗೆ ಗೊತ್ತಾಗಬೇಕು? ತಿಂಗಳುಗಟ್ಟಲೆ ಹೆದರಿಕೆಯನ್ನು ಹಾಡು ನಾಲ್ಕು ನಿಮಿಷಕ್ಕೆ ಇಳಿಸಿರುತ್ತದೆ.

ಕಾನೂನನ್ನೂ ಹೇಳಿಬಿಡಿ. ಹೀಗೆ ಬೆನ್ನು ಹತ್ತುವುದು 2013ರಲ್ಲಿ ಐಪಿಸಿ 354ಡಿ ಅಡಿ ಅಪರಾಧವಾಯಿತು. 2024ರ ಜುಲೈ 1ರಿಂದ ಅದು ಭಾರತೀಯ ನ್ಯಾಯ ಸಂಹಿತೆಯ 78ನೇ ಕಲಂ. ಇಷ್ಟವಿಲ್ಲವೆಂದು ಸ್ಪಷ್ಟವಾಗಿ ತೋರಿಸಿದ ಮೇಲೂ ಪದೇ ಪದೇ ಹಿಂಬಾಲಿಸಿದರೆ, ಸಂಪರ್ಕಿಸಿದರೆ ಮೊದಲ ಸಲ 3 ವರ್ಷದವರೆಗೆ, ಮತ್ತೆ ಮಾಡಿದರೆ 5 ವರ್ಷದವರೆಗೆ ಜೈಲು. ಆಕೆಯ ಇಂಟರ್ನೆಟ್ ಬಳಕೆಯ ಮೇಲೆ ಕಣ್ಣಿಡುವುದೂ ಇದರಲ್ಲೇ ಬರುತ್ತದೆ.

ಪ್ರಶ್ನೆ: ಟ್ಯೂನಿಗೆ ವಿರಹಗೀತೆ ಬರೆದಿದ್ದೇನೆ. ಓದಲು ಚೆಂದ, ಹಾಡಲು ಆಗುತ್ತಿಲ್ಲ.
– ಓದುಗರು, ಮಲ್ಲೇಶ್ವರ

ಉತ್ತರ: ಟ್ಯೂನು ಎಳೆದು ನಿಲ್ಲುವ ಜಾಗಗಳನ್ನು ಮೊದಲು ಗುರುತು ಹಾಕಿಕೊಳ್ಳಿ. ಅಲ್ಲಿ ಆ, ಏ, ಓ ಸ್ವರವಿರುವ ಅಕ್ಷರ ಬರಲಿ. ‘ನಷ್ಟ’, ‘ಸ್ವಪ್ನ’ದಂಥ ಒತ್ತಕ್ಷರ ಬಂದರೆ ಗಾಯಕರ ಉಸಿರು ಅಲ್ಲೇ ಕತ್ತರಿಸುತ್ತದೆ. ‘ಹೃದಯ’, ‘ಕಣ್ಣೀರು’ ಎರಡನ್ನೂ ಹೊಡೆದುಹಾಕಿ, ಪಲ್ಲವಿಯಲ್ಲಿ ಅವಳು ಬಿಟ್ಟುಹೋದ ಒಂದೇ ಒಂದು ವಸ್ತುವನ್ನಿಡಿ. ಚರಣದಲ್ಲಿ ಅದು ಮನೆಯೊಳಗೆ ಎಲ್ಲೆಲ್ಲಿ ಕೈಗೆ ತಗಲುತ್ತದೆ ಅಂತ ಬರೆಯಿರಿ.