ನಿಂಬೆ–ಸೋಡಾ ಬೇಡ, ಮೊದಲು ಆ ಕ್ಯಾಪ್ ನೋಡಿ
ಮದುವೆಗೆ ಎರಡು ತಿಂಗಳಿದೆ, ಕಾಫಿ ಕಲೆ ಹೋಗಲು ನಿಂಬೆರಸ, ಅಡುಗೆ ಸೋಡಾ ಹಾಕಿ ಉಜ್ಜಬಹುದಾ, ಮುಂದಿನ ಒಂದು ಹಲ್ಲಿಗೆ ಕ್ಯಾಪ್ ಇದೆ ಅಂತ ಕೇಳಿದ್ದೀರಿ. ಉಜ್ಜಬೇಡಿ ಸಾರ್. ನಿಂಬೆಯ ಹುಳಿಗೆ ಹಲ್ಲಿನ ಮೇಲಿನ ಗಟ್ಟಿ ಪದರ, ಅಂದರೆ ಎನಾಮಲ್, ಕರಗುತ್ತೆ. ಅದು ತೆಳುವಾದಷ್ಟೂ ಒಳಗಿನ ಹಳದಿ ಪದರ (ಡೆಂಟಿನ್) ಎದ್ದು ಕಾಣುತ್ತೆ.

ಮೊದಲು ಕ್ಲೀನಿಂಗ್ ಮಾಡಿಸಿ, ಮೇಲಿನ ಕಲೆ ಅಲ್ಲೇ ಹೋಗಬಹುದು. ಸಾಲದಿದ್ದರೆ ಡಾಕ್ಟರು ಹಲ್ಲಿನ ಅಳತೆ ತೆಗೆದು ಮಾಡಿಕೊಡುವ ಟ್ರೇಯಲ್ಲಿ ಹಲ್ಲು ಬ್ಲೀಚ್ ಮಾಡುವ 10% ಕಾರ್ಬಮೈಡ್ ಪೆರಾಕ್ಸೈಡ್ ಜೆಲ್, ರಾತ್ರಿ ಹೊತ್ತು, ಎರಡು ಮೂರು ವಾರ. ನಿಧಾನ, ಆದರೂ ನನ್ನ ಓಟು ಇದಕ್ಕೇ. ತಣ್ಣೀರು ಕುಡಿದರೆ ಜುಮ್ ಅನ್ನಬಹುದು, ನಿಲ್ಲಿಸಿದ ಮೇಲೆ ಸಾಮಾನ್ಯವಾಗಿ ಸರಿಹೋಗುತ್ತೆ.

ಕ್ಯಾಪ್ ಮಾತ್ರ ಬೆಳ್ಳಗಾಗಲ್ಲ. ಫೋಟೋದಲ್ಲಿ ಅದೊಂದೇ ಬೇರೆ ಬಣ್ಣ! ಬದಲಿಸುವುದಾದರೆ ಬ್ಲೀಚ್ ಮುಗಿದು ಎರಡು ವಾರ ಬಿಟ್ಟು ಬಣ್ಣ ಹೊಂದಿಸಿ. ಖರ್ಚಿನ ಯೋಚನೆಯಿದ್ದರೆ ಬೆಂಗಳೂರಿನ ಕೋಟೆ ಹತ್ತಿರದ ಸರ್ಕಾರಿ ದಂತ ಕಾಲೇಜಲ್ಲಿ ಒಮ್ಮೆ ವಿಚಾರಿಸಿ.