ಗೋವನ್‌ನ ಸಭಾಪಾಲಕ, ರಾಣಿಯ ಆಸ್ಥಾನ ಪಾದ್ರಿ

ಗ್ಲಾಸ್ಗೋದ ಗೋವನ್‌ನಲ್ಲಿ ಮನೆ ಮಾಡಿರುವ ನೀವು, ಅಲ್ಲಿನ ಹಳೆಯ ಚರ್ಚಿನ ಪಾದ್ರಿಯಾಗಿದ್ದ ಜಾರ್ಜ್ ಮ್ಯಾಕ್ಲೌಡ್ ಎರಡನೇ ಎಲಿಜಬೆತ್ ರಾಣಿಯ ಚಾಪ್ಲಿನ್, ಅಂದರೆ ಆಸ್ಥಾನ ಪಾದ್ರಿ, ಆಗಿದ್ದರೆಂದು ಕೇಳಿ, ಅವರೇನು ಮೈಸೂರಿನ ರಾಜಗುರುಗಳಂಥವರೇ, ಈ ನಾಡಿನಲ್ಲಿ ಬಿರುದು ಬಾವಲಿಗಳಿಗೆ ಎಷ್ಟು ಬೆಲೆ ಕೊಡಬೇಕು ಎಂದು ವಿಚಾರಿಸಿದ್ದೀರಿ. ರಾಜಗುರುವಿಗಿಂತ ಆಸ್ಥಾನ ವಿದ್ವಾಂಸರ ಹೋಲಿಕೆ ಇಲ್ಲಿ ಹೆಚ್ಚು ಒಪ್ಪುತ್ತದೆ. ಅದು ಗೌರವವೇ ಹೊರತು ಅಧಿಕಾರವಲ್ಲ. ಇಂಗ್ಲೆಂಡಿನ ಚರ್ಚಿಗೆ ದೊರೆಯೇ ಪರಮಾಧಿಕಾರಿಯಾದರೆ, ಸ್ಕಾಟ್ಲೆಂಡಿನ ಪ್ರೆಸ್ಬಿಟೇರಿಯನ್ ಚರ್ಚಿಗೆ ಆತ ಮುಖ್ಯಸ್ಥನಲ್ಲ, ಬಿಷಪ್‌ಗಳೂ ಇಲ್ಲ. ಸಭಾಪಾಲಕರೂ ಹಿರಿಯರೂ ಸಮಾನರಾಗಿ ಕುಳಿತು ಆಡಳಿತ ನಡೆಸುತ್ತಾರೆ. ಬೆಂಗಳೂರಿನ ಕಬ್ಬನ್ ರಸ್ತೆಯ ಸೇಂಟ್ ಆಂಡ್ರೂಸ್ ಚರ್ಚ್ 1860ರ ದಶಕದಲ್ಲಿ ಎದ್ದದ್ದು ಈ ಪರಂಪರೆಯವರಿಗಾಗಿಯೇ.

ಮ್ಯಾಕ್ಲೌಡ್ ಹುಟ್ಟಿದ್ದು 1895ರಲ್ಲಿ, ಸಿರಿವಂತರ ಮನೆಯಲ್ಲಿ. ಅವರ ಅಜ್ಜ ನಾರ್ಮನ್ ಮ್ಯಾಕ್ಲೌಡ್ ವಿಕ್ಟೋರಿಯಾ ರಾಣಿಯ ಚಾಪ್ಲಿನ್ ಆಗಿದ್ದವರು. ಮಿಷನ್ ಕೆಲಸ ನೋಡಲು 1867ರಲ್ಲಿ ಭಾರತಕ್ಕೂ ಬಂದಿದ್ದರು. ಮೊಮ್ಮಗ ಆಕ್ಸ್‌ಫರ್ಡಿನಲ್ಲಿ ಓದಿ, ಮೊದಲ ಮಹಾಯುದ್ಧದಲ್ಲಿ ಹೋರಾಡಿ, ಮಿಲಿಟರಿ ಕ್ರಾಸ್ ಪದಕ ಪಡೆದು, ಆಮೇಲೆ ದೀಕ್ಷೆಗೆ ಬಂದರು. ಎಡಿನ್‌ಬರೋದ ಪ್ರತಿಷ್ಠಿತ ಸೇಂಟ್ ಕತ್‌ಬರ್ಟ್ಸ್ ಚರ್ಚಿನಲ್ಲಿದ್ದ ಅವರು 1930ರಲ್ಲಿ ಅದನ್ನು ಬಿಟ್ಟು ಗೋವನ್‌ಗೆ ಬಂದಾಗ, ಕ್ಲೈಡ್ ನದಿಯ ದಡದ ಹಡಗುಕಟ್ಟೆಗಳಲ್ಲಿ ಕೆಲಸವಿಲ್ಲದೆ ಊರಿಗೆ ಊರೇ ಕೈಕಟ್ಟಿ ಕುಳಿತಿತ್ತು. ಸಂಸಾರದ ಅನ್ನಕ್ಕೆ ದಾರಿ ಕಾಣದವನಿಗೆ ವೇದಿಕೆಯ ಮೇಲಿನ ಬೋಧನೆ ಸಾಲದೆಂಬುದು ಅವರಿಗೆ ಮನವರಿಕೆಯಾದದ್ದು ಇಲ್ಲಿಯೇ ಎಂದು ನಾನು ತಿಳಿದಿದ್ದೇನೆ.

1938ರಲ್ಲಿ ಅವರು ಸಂಬಳದ ಹುದ್ದೆಗೆ ರಾಜೀನಾಮೆ ಕೊಟ್ಟು ಸ್ಕಾಟ್ಲೆಂಡಿನ ಪಶ್ಚಿಮ ಕರಾವಳಿಯಾಚೆಯ ಅಯೋನಾ ದ್ವೀಪಕ್ಕೆ ಹೊರಟರು. ಐರ್ಲೆಂಡಿನಿಂದ ಸಂತ ಕೊಲಂಬ 563ರಲ್ಲಿ ಬಂದಿಳಿದ ಆ ದ್ವೀಪದಲ್ಲಿ ಮಠದ ವಾಸದ ಕಟ್ಟಡಗಳು ಪಾಳು ಬಿದ್ದಿದ್ದವು. ಕೆಲಸ ಕಳೆದುಕೊಂಡ ಕಲ್ಲುಕುಟಿಗರು, ಬಡಗಿಗಳ ಜೊತೆಗೆ ಆಗಷ್ಟೇ ಓದು ಮುಗಿಸಿದ ಯುವ ಪಾದ್ರಿಗಳನ್ನು ಕೂಲಿಗಳಂತೆ ನಿಲ್ಲಿಸಿ, ಅವನ್ನು ಮತ್ತೆ ಕಟ್ಟಿಸತೊಡಗಿದರು. ಯುದ್ಧಕಾಲದಲ್ಲಿ ಮರ ಸಿಗದೆ ಕೆಲಸ ನಿಂತಾಗ, ಬಿರುಗಾಳಿಗೆ ಸಿಕ್ಕ ಹಡಗೊಂದು ಎಸೆದ ದಿಮ್ಮಿಗಳು ಎದುರಿನ ಮಲ್ ದ್ವೀಪದ ದಡಕ್ಕೆ ತೇಲಿಬಂದವೆಂಬ ಕಥೆಯನ್ನು ಅಲ್ಲಿಯವರು ಇಂದಿಗೂ ಹೇಳುತ್ತಾರೆ. ಕಟ್ಟಡ ಪೂರೈಸಲು ಕಾಲು ಶತಮಾನಕ್ಕೂ ಹೆಚ್ಚು ಹಿಡಿಯಿತು.

ಬಿರುದಿನ ಮಾತಿಗೆ ಬರುತ್ತೇನೆ. 1944ರಲ್ಲಿ ವಂಶಪಾರಂಪರ್ಯವಾಗಿ ಬಂದ 'ಸರ್' ಪದವಿಯನ್ನು ಅವರು ಬಳಸಲಿಲ್ಲ. 1957ರಲ್ಲಿ ಚರ್ಚಿನ ಮಹಾಸಭೆಯ ಅಧ್ಯಕ್ಷರಾದರು. ಅದೂ ಒಂದೇ ವರ್ಷದ ಸ್ಥಾನ. 1967ರಲ್ಲಿ ಮಾತ್ರ ಲಾರ್ಡ್ ಪದವಿಗೆ ಒಪ್ಪಿದರು, ಬಹುಶಃ ಅಣ್ವಸ್ತ್ರದ ವಿರುದ್ಧ ಮಾತಾಡಲು ಸಂಸತ್ತಿನ ಮೇಲ್ಮನೆಯಲ್ಲೊಂದು ವೇದಿಕೆ ಸಿಗುತ್ತದೆಂದು. ರಾಣಿಯ ಚಾಪ್ಲಿನ್ ಆಗಿದ್ದವರೇ ಅವಳ ಸರಕಾರದ ಅಣುಬಾಂಬನ್ನು ಖಂಡಿಸಿದರು. 1991ರಲ್ಲಿ ತೀರಿಕೊಂಡರು.

ಅಯೋನಾ ನೋಡಬೇಕೆನಿಸಿದರೆ ಓಬನ್ ಬಂದರಿನವರೆಗೆ ರೈಲು, ಅಲ್ಲಿಂದ ಮಲ್‌ಗೆ ಹಡಗು, ದ್ವೀಪ ದಾಟಲು ಬಸ್ಸು, ಕೊನೆಗೊಂದು ಸಣ್ಣ ಹಡಗು. ಒಂದೇ ದಿನದಲ್ಲಿ ಹೋಗಿಬರುವ ಹಟ ಬೇಡ, ಒಂದು ರಾತ್ರಿ ಅಲ್ಲೇ ಉಳಿಯಿರಿ.